ಅಕ್ಕನ ಅಡುಗೆಮನೆಯ ಹೆಂಚು

ಪರಕೀಯರ ಆಳ್ವಿಕೆಯ ಕಾಲದ ಸಾರ್ವಜನಿಕ ಆರೋಗ್ಯವನ್ನು ಕುರಿತು ಇತಿಹಾಸಕಾರರೊಬ್ಬರು ದಪ್ಪನೆಯ ಗ್ರಂಥ ಬರೆದಿದ್ದಾರೆ. ಪ್ಲೇಗು ಬಂದಾಗ ನಮ್ಮ ಊರಿನವರು ಆರೋಗ್ಯ ಇಲಾಖೆಯವರನ್ನು ಕಂಡೊಡನೆ ಓಡಿಹೋಗುತ್ತಿದ್ದರೆಂದು ಅದರಲ್ಲಿದೆ. ಇದು ತಪ್ಪು. ನನ್ನ ಅಜ್ಜನ ಅಕ್ಕ ಓಡಲಿಲ್ಲ. ಬಾಗಿಲಿಗೆ ಅಡ್ಡ ನಿಂತರು. ಇಲಾಖೆಯ ಕಡೆಯಿಂದ ಬಂದವರು ನನ್ನ ಅಜ್ಜ.

ಅಜ್ಜ ಹೆಂಚು ಹೊದಿಸುವ ಕೆಲಸದವರು. ರೋಗಿ ಮಲಗಿದ್ದ ಕೋಣೆಯ ಹೆಂಚು ತೆಗೆದು ಬಿಸಿಲು ಬೀಳಿಸಬೇಕೆಂದು ಆಜ್ಞೆ ಹೊರಟಾಗ ಇಲಾಖೆ ಅವರನ್ನು ಕೆಲಸಕ್ಕೆ ಕರೆಯಿತು. ತೆಗೆಯುವುದಕ್ಕೆ ಮಾತ್ರ. ಮತ್ತೆ ಹೊದಿಸುವ ವಿಚಾರ ಆಜ್ಞೆ ಬರೆದ ಮಹನೀಯರಿಗೆ ಹೊಳೆದಿರಲಿಲ್ಲ. ಅವರ ಸ್ವಂತ ಮನೆಗಳಿಗೆ ಮಾಡು ಇತ್ತು.

ಅಕ್ಕನ ಗಂಡನನ್ನು ಜ್ವರವೆಂದು ಪ್ಲೇಗಿನ ಶಿಬಿರಕ್ಕೆ ಒಯ್ದ ಮರುದಿನ ಅಜ್ಜ ಏಣಿ ಹೊತ್ತು ಆ ಮನೆಗೇ ಹೋಗಬೇಕಾಯಿತು.

"ಭಾವ ಎಲ್ಲಿ ಮಲಗಿದ್ರು, ಅಕ್ಕ?"

"ಮುಂದಿನ ಕೋಣೇಲಿ. ಸೋರುತ್ತೆ, ಬಂದು ನೋಡೋ ಅಂತ ಬಾಯಿ ನೋಯೋ ಹಾಗೆ ಹೇಳಿದ್ನಲ್ಲ, ಅದೇ."

"ಸೋರೋ ಕೋಣೇಲಿ ಜ್ವರದವರನ್ನ ಮಲಗಿಸಿದ್ಯಾ?"

"ತಮ್ಮ ಹೆಂಚಿನವನಾದ್ರೆ ಅಕ್ಕನ ಮನೆ ಸೋರಲೇಬೇಕಲ್ಲ."

ಅಜ್ಜ ಒಳಗೆ ಇಣುಕಿದರು. ಭಾವನ ಚಾಪೆ ಅಡುಗೆಮನೆಯಲ್ಲಿ, ಒಲೆಯ ಪಕ್ಕದಲ್ಲೇ ಹಾಸಿತ್ತು. ಅದರ ಮೇಲೆ ಮಕ್ಕಳಿಬ್ಬರು ಆಡುತ್ತಿದ್ದರು. ಒಲೆಯ ಮೇಲಿನ ಮಾಡು ಉಳಿದರೆ ಸಾಕೆಂದು ಅಕ್ಕ ಸುಳ್ಳು ಹೇಳಿದ್ದರು. ಅಜ್ಜ ಏಣಿಯನ್ನು ಹಿತ್ತಲಿಗೆ ತಿರುಗಿಸಿದರು.

"ಅಡುಗೆಮನೆ ಮುಟ್ಟಿದ್ರೆ ನಿನಗೂ ನನಗೂ ಮಾತಿಲ್ಲ."

"ಮಾತು ಬೇಡ ಬಿಡು. ಮಕ್ಕಳನ್ನ ಹೊರಗೆ ಕಳಿಸು."

ಅಜ್ಜ ಅಡುಗೆಮನೆಯ ಹೆಂಚು ತೆಗೆದರು; ಅಕ್ಕ ಆಡಿದಂತೆ ಮಾತು ಬಿಟ್ಟರು. ಬಯಲಿನಲ್ಲಿ ಕುಳಿತಂತೆ ಅಡುಗೆ ಮಾಡಿದರು. ಗಾಳಿಗೆ ಒಲೆ ಆರಿದಾಗಲೆಲ್ಲ ತಮ್ಮನ ಜನ್ಮ ಜಾಲಾಡಿದರು. ಮಕ್ಕಳಿಗೆ ಜ್ವರ ತಗಲಲಿಲ್ಲ. ಅದು ಬಿಸಿಲಿನಿಂದಲೇ ಎನ್ನಲು ನನ್ನಲ್ಲಿ ಆಧಾರವಿಲ್ಲ, ಆದ್ದರಿಂದ ಹಾಗೆನ್ನುವುದಿಲ್ಲ.

ಭಾವ ಬದುಕಿ ಮರಳಿದರು. ಅಜ್ಜ ಯಾರೂ ಕರೆಯದೆ ಏಣಿ ತಂದು ಮಾಡು ಹತ್ತಿದರು. ಪೇರಿಸಿಟ್ಟಿದ್ದ ಹೆಂಚುಗಳನ್ನು ಅಕ್ಕ ಒಂದೊಂದಾಗಿ ಮೇಲಕ್ಕೆ ಚಾಚಿದರು. ಮಾತು ಮಾತ್ರ, ಹೊಸ್ತಿಲಲ್ಲಿ ಕಂಬಳಿ ಹೊದ್ದು ಕುಳಿತಿದ್ದ ಗಂಡನ ಮೂಲಕ.

"ನೋಡ್ರೀ, ಮೇಲಿರೋರಿಗೆ ಹೇಳಿ, ಸಾಲು ಓರೆಯಾಗಿದೆ."

"ಓರೆಯಂತಪ್ಪ," ಎಂದರು ಭಾವ.

"ಓರೆಯಿಲ್ಲ ಅನ್ನಿ, ಭಾವ."

"ಇಲ್ವಂತೆ ಕಣೇ."

"ಕಣ್ಣು ಓರೆ ಇರ್ಬೇಕು ಅನ್ನಿ," ಎಂದರು ಅಕ್ಕ.

ಭಾವ ಎದ್ದರು. "ಸಾಯೋದು ತಪ್ಪಿಸ್ಕೊಂಡು ಬಂದಿದ್ದು ಇದಕ್ಕಾ? ನೀವಿಬ್ರೇ ಕೂಗಾಡ್ಕೊಳ್ಳಿ," ಎಂದು ಒಳಗೆ ಹೋಗಿ ಮಲಗಿಬಿಟ್ಟರು.

ಅಕ್ಕ ಮುಂದಿನ ಹೆಂಚನ್ನು ಮೇಲಕ್ಕೆ ಚಾಚಿದರು. ಮಾತು ದಾಟಿಸಲು ಬೇರೆ ಯಾರೂ ಇರಲಿಲ್ಲ.

"ಹಿಡ್ಕೋ," ಎಂದರು. "ಬೀಳ್ಬೇಡ."