ಊರು ಬರೆಯದ ಚೀಟಿಗಳು: ಪ್ರೊ. ಮಲಕಪ್ಪ ಕೊಣ್ಣೂರರ ಗ್ರೀಸ್

ಪ್ರಾಚೀನ ಗ್ರೀಕರ ದೇವತಾರಾಧನೆಯ ಅಧ್ಯಯನ ಜಗತ್ತಿನಲ್ಲಿ ಎಲ್ಲೆಲ್ಲಿ ನಡೆಯುತ್ತದೆ ಎಂದು ಯಾರಾದರೂ ಕೇಳಿದರೆ, ತಿಳಿದವರು ಅಥೆನ್ಸ್ ಎನ್ನಬಹುದು, ಬರ್ಲಿನ್ ಎನ್ನಬಹುದು. ನಾವು ಕೆಲವರು ಮಾತ್ರ ಪುಣೆಯ ಯೆರವಡಾ ಎನ್ನುತ್ತೇವೆ, ಜೈಲಿನ ನೆನಪಾಗಿ ನಕ್ಕವರನ್ನು ನಗಲು ಬಿಡುತ್ತೇವೆ. ಒಲಿಂಪಸ್ ಬೆಟ್ಟದ ಹನ್ನೆರಡು ದೊಡ್ಡ ದೇವರುಗಳ ಕಥೆಯನ್ನು ಹೇಳಲು ಮೂರು ಲೋಕದಲ್ಲೂ ಜನರಿದ್ದಾರೆ. ಆದರೆ ದಕ್ಷಿಣ ಗ್ರೀಸಿನ ಗುಡ್ಡಗಾಡಾದ ಅರ್ಕೇಡಿಯದಲ್ಲಿ, ಈ ಕಣಿವೆಯ ಡಿಮೀಟರ್ ದೇವಿ ಬೇರೆ, ಆ ಕಣಿವೆಯ ಡಿಮೀಟರ್ ಬೇರೆ, ಒಬ್ಬಳಿಗೆ ಹಣ್ಣು ಮತ್ತು ಜೇನುಗೂಡು, ಇನ್ನೊಬ್ಬಳಿಗೆ ಬಲಿ ಎಂದು ಹಟ ಹಿಡಿದು ಬಾಳಿದ ಚಿಕ್ಕ ಚಿಕ್ಕ ಊರುಗಳ ಪರವಾಗಿ ಮಾತಾಡಲು ಒಬ್ಬರೇ ಇದ್ದರು. ಅವರು ಇಂಡಿ ತಾಲೂಕಿನಿಂದ ಪುಣೆಗೆ ಬಂದು, ನಮ್ಮ ಸಂಶೋಧನ ಸಂಸ್ಥೆಯಲ್ಲಿ ಮೂವತ್ತನಾಲ್ಕು ವರ್ಷ ದುಡಿದು, ಈ ಮಾರ್ಚ್ ಕೊನೆಗೆ ನಿವೃತ್ತರಾದ ಪ್ರೊಫೆಸರ್ ಮಲಕಪ್ಪ ಕೊಣ್ಣೂರರು.

ಅವರು ಗ್ರೀಸ್ ನೋಡಿಲ್ಲ. ಪಾಸ್‌ಪೋರ್ಟ್ ಕೂಡ ಇಲ್ಲ. ಆದರೆ ಅರ್ಕೇಡಿಯದ ಯಾವ ಹೊಳೆ ಯಾವ ತಿಂಗಳಲ್ಲಿ ಬತ್ತುತ್ತದೆ ಎಂದು ಅಲ್ಲಿಯ ಎಮ್ಮೆಗಳಿಗೂ ಇವರೇ ಹೇಳಬೇಕು. ಅಲ್ಲಿ ಎಮ್ಮೆಗಳಿಲ್ಲ ಎಂದು ಸರ್ ಈ ಲೇಖನದ ಕರಡಿನ ಅಂಚಿನಲ್ಲಿ ಪೆನ್ಸಿಲ್ಲಿನಿಂದ ತಿದ್ದಿದ್ದಾರೆ. ತಿದ್ದುಪಡಿಯನ್ನು ವಿನಯದಿಂದ ಸ್ವೀಕರಿಸಿ, ಎಮ್ಮೆಗಳನ್ನು ಹಾಗೆಯೇ ಉಳಿಸಿಕೊಳ್ಳಲಾಗಿದೆ.

ಅವರ ಕೆಲಸದ ಪದ್ಧತಿಯನ್ನು ಹೇಳದೆ ಮುಂದಿನ ಕಥೆ ಸಾಗದು. ಒಂದು ದಸರೆಯಿಂದ ಇನ್ನೊಂದು ದಸರೆಯವರೆಗೆ ಒಂದೇ ಊರು. ಆ ಊರಿನ ಶಾಸನಗಳು, ಹರಕೆಗಳು, ಪೂಜಾರಿಗಳು, ಜಗಳಗಳು, ಎಲ್ಲವೂ ಅಂಗೈಯಗಲದ ಚೀಟಿಗಳ ಮೇಲೆ ಇಳಿಯಬೇಕು. ಚೀಟಿಗಳು ಒಂದು ಚಪ್ಪಲಿ ಡಬ್ಬಿ ಸೇರಬೇಕು. ಡಬ್ಬಿಯ ಮುಚ್ಚಳದ ಮೇಲೆ ಊರ ಹೆಸರು. ಗುಡಿಯೊಳಗೆ ಮೆಟ್ಟು ಮೆಟ್ಟಿ ಬರಬಾರದೆಂದು ಕಲ್ಲಿನಲ್ಲಿ ಕೊರೆಸಿದ ಲೈಕೋಸುರದ ಒಡತಿಯನ್ನು ಚಪ್ಪಲಿ ಡಬ್ಬಿಯಲ್ಲಿ ಕೂರಿಸಲು ಮನಸ್ಸೊಪ್ಪದೆ, ಆ ದೇವಿಯ ಊರಿಗೆ ಮಾತ್ರ ಸರ್ ಪೇಢೆಯ ಡಬ್ಬಿ ಕೊಟ್ಟಿದ್ದರು. ಚೀಟಿಗೆ ಬೇಕಾದ ಕಾಗದವೆಂದರೆ ಹಳೆಯ ಉತ್ತರ ಪತ್ರಿಕೆಗಳ ರಟ್ಟು, ಮದುವೆಯ ಕರೆಯೋಲೆ, ಮತ್ತು ಯೆರವಡಾದ ಕಾಂತಪ್ಪನವರು ತಮ್ಮ ಹೋಟೆಲಿನ ಮೆನು ಕಾರ್ಡನ್ನು ಪ್ರತಿ ವರ್ಷ ಹೊಸದಾಗಿ ಅಚ್ಚು ಹಾಕಿಸಿದಾಗ ಹೆಚ್ಚಾಗಿ ಉಳಿಯುತ್ತಿದ್ದ ಕಟ್ಟು. ಇಪ್ಪತ್ತೆರಡು ವರ್ಷ, ಇಪ್ಪತ್ತೆರಡು ಡಬ್ಬಿ. ಅದರಿಂದ ಒಂದು ಪುಸ್ತಕ ಹುಟ್ಟಬೇಕಿತ್ತು. ಅರ್ಕೇಡಿಯದ ನಲವತ್ತು ಹಳ್ಳಿಗಳನ್ನು ಹಿಂದೆ ಒಂದೇ ಮಹಾನಗರವಾಗಿ ಕಲೆಸಿದಾಗ ಆ ಹಳ್ಳಿಗಳ ದೇವರು ಏನಾದರು ಎಂಬುದನ್ನು, ಒಂದೊಂದು ಊರನ್ನೂ ಕೈ ಹಿಡಿದು ಕೇಳಿ, ಕನ್ನಡದಲ್ಲಿ ಬರೆದ ಪುಸ್ತಕ. ಸರ್ ಬೇರೇನನ್ನೂ ಬಯಸಿದವರಲ್ಲ.

ಇಲ್ಲಿ ಬಸವಲಿಂಗನೆಂಬವನು ಬರುತ್ತಾನೆ. ಅವನು ಈ ಲೇಖನ ಬರೆಯುತ್ತಿರುವವನೇ; ಆದರೆ ಅಭಿನಂದನ ಗ್ರಂಥದಲ್ಲಿ ‘ನಾನು, ನಾನು’ ಎಂದು ಮೆರೆಯಕೂಡದೆಂದು ಸಂಪಾದಕರ ಅಪ್ಪಣೆಯಾದ್ದರಿಂದ ಅವನನ್ನು ಅವನೆಂದೇ ಕರೆಯೋಣ. ತೊಂಬತ್ತಮೂರರಲ್ಲಿ ಸಂಶೋಧನ ವಿದ್ಯಾರ್ಥಿಯಾಗಿ ಬಂದ ಅವನಷ್ಟು ಚುರುಕಾದವನು ಊರ ಭೀಮಾ ನದಿಯಿಂದ ಪುಣೆಯ ಮುಳಾ ನದಿಯವರೆಗೆ ಇರಲಿಲ್ಲ ಎಂದು ಅವನೇ ಹೇಳುತ್ತಿದ್ದ.

ತೊಂಬತ್ತಾರರ ಮೇ ತಿಂಗಳಲ್ಲಿ ಸರ್ ಸಂಬಂಧಿಕರ ಮದುವೆಗೆಂದು ಊರಿಗೆ ಹೋದರು. ಕೋಣೆಗೆ ಸುಣ್ಣ ಬಳಿಯಬೇಕಿತ್ತು; ಡಬ್ಬಿಗಳನ್ನು ಎತ್ತಿಡುವುದಷ್ಟೇ ಬಸವಲಿಂಗನ ಪಾಲಿಗೆ ಬಂದ ಕೆಲಸ. ಆದರೆ ಚುರುಕಾದವನು ಎತ್ತಿಟ್ಟು ಸುಮ್ಮನಿರುತ್ತಾನೆಯೇ? ಹರಿದ ಡಬ್ಬಿಗಳಲ್ಲಿ ದೇವರುಗಳು ದಿಕ್ಕಾಪಾಲಾಗಿದ್ದಾರೆ ಎಂದು ಅವನಿಗೆ ಅನಿಸಿತು. ಹದಿನೆಂಟು ದಿನ, ಅಂದರೆ ಮಹಾಭಾರತದ ಯುದ್ಧದಷ್ಟು ದಿನ, ನೆಲದ ಮೇಲೆ ಕುಳಿತು ಅಪೊಲೊನ ಜೊತೆ ಅಪೊಲೊನನ್ನೂ ಡಿಮೀಟರಳ ಜೊತೆ ಡಿಮೀಟರಳನ್ನೂ ಸೇರಿಸಿ, ಹೊಸ ತಗಡಿನ ಪೆಟ್ಟಿಗೆಗಳಲ್ಲಿ ತುಂಬಿ, ಮೇಲೆ ದೇವರ ಹೆಸರನ್ನು ಚಿತ್ತಾರದ ಅಕ್ಷರದಲ್ಲಿ ಬರೆದ. ಹಳೆಯ ಡಬ್ಬಿಗಳನ್ನು ರದ್ದಿಯವನಿಗೆ ಹಾಕಿದ.

ಸರ್ ಬಂದರು. ಬಾಗಿಲಲ್ಲೇ ನಿಂತರು.

“ಎಲ್ಲಾ ದೇವ್ರನ್ನೂ ಒಂದೊಂದ ಕಡೆ ಕೂಡ್ಸೀನ್ರಿ ಸರ್. ಇನ್ನ ನೀವು ಹುಡುಕೂದಽ ಬ್ಯಾಡ.”

ಸರ್ ಒಂದು ಚೀಟಿ ಎತ್ತಿಕೊಂಡರು. “ಆರ್ಟೆಮಿಸ್‌ಗೆ ಎರಡು ಆಡು. ಪೂಜಾರಿಣಿ ವರ್ಷಕ್ಕೊಬ್ಬಳು,” ಎಂದು ಓದಿದರು. “ಯಾವೂರ ಆರ್ಟೆಮಿಸ್ ಇಕಿ?”

“ಚೀಟಿ ಮ್ಯಾಲ ಊರಽ ಇಲ್ರಿ.”

“ಊರು ಡಬ್ಬಿ ಮ್ಯಾಲಿತ್ತು, ಬಸೂ.”

ಬಸವಲಿಂಗನ ಲೆಕ್ಕದಲ್ಲಿ ಚೀಟಿಗಳು ಒಂದು ಲಕ್ಷ, ಸರ್ ಲೆಕ್ಕದಲ್ಲಿ ನಾಲ್ಕು ಸಾವಿರ ಚಿಲ್ಲರೆ. ಸತ್ಯ ಎಂದಿನಂತೆ ಸರ್ ಕಡೆಗಿತ್ತು, ಅಷ್ಟೂ ಚೀಟಿಗಳು ಊರು ಕಳೆದುಕೊಂಡಿದ್ದವು. ಮೂಲ ಸಂಪುಟಗಳು ದೂರದ ಗ್ರಂಥಾಲಯಗಳಿಂದ ಅಂಚೆಯಲ್ಲಿ ಎರವಲು ಬಂದು ಎಂದೋ ಮರಳಿದ್ದವು. ಸರ್ ಆ ಚೀಟಿಯನ್ನು ಮೇಜಿನ ಮೇಲಿಟ್ಟು ಕುರ್ಚಿಯಲ್ಲಿ ಕುಳಿತರು. ಆಮೇಲೆ ಕೇಳಿದ್ದು ಒಂದೇ: “ನಿಂದು ಊಟ ಆತೇನು?”

ಆ ವರ್ಷ ಬಸವಲಿಂಗನ ವಿದ್ಯಾರ್ಥಿವೇತನ ಮುಂದುವರಿಯುವುದೋ ಇಲ್ಲವೋ ಎಂಬುದು ನಿರ್ದೇಶಕರ ಕೈಯಲ್ಲಿತ್ತು. ಪುಸ್ತಕವೇಕೆ ತಡವೆಂದು ಅವರು ಕೇಳಿದಾಗ ಸರ್, “ಚೀಟಿಯ ಮೇಲೆ ಊರು ಬರೆಯದೆ ಬಿಟ್ಟದ್ದು ನನ್ನ ತಪ್ಪು, ಈಗ ಬರೆಯುತ್ತಿದ್ದೇನೆ” ಎಂದರು. ಬಸವಲಿಂಗನ ಹೆಸರು ಆ ಕೋಣೆಯಲ್ಲಿ ಏಳಲಿಲ್ಲ. ಇಂದು ಮೊದಲ ಸಲ ಏಳುತ್ತಿದೆ.

ಮುಂದಿನ ಎಂಟು ವರ್ಷ ಇಪ್ಪತ್ತೆರಡು ವರ್ಷದ ಕೆಲಸವನ್ನು ಮತ್ತೆ ಮಾಡುವುದರಲ್ಲಿ ಹೋಯಿತು. ನೆನಪಿಗೆ ಬಂದವು ಮೊದಲು ಊರು ಸೇರಿದವು: ದೇವದಾರು ಮರದೊಳಗಿನ ಆರ್ಟೆಮಿಸ್ ಓರ್ಕೊಮೆನೊಸಿಗೆ, ಕುದುರೆಗಳ ಒಡೆಯ ಪೊಸೈಡನ್ ಮ್ಯಾಂಟಿನಿಯಾಕ್ಕೆ. ಉಳಿದವುಗಳಿಗೆ ದಾರಿ ತೋರಿಸಿದವರು, ಗ್ರೀಕಿನ ಒಂದಕ್ಷರವೂ ಅರಿಯದ ಕಾಂತಪ್ಪನವರು. ಭಾನುವಾರ ಮಧ್ಯಾಹ್ನ ಗಿರಾಕಿಗಳಿಲ್ಲದ ಹೊತ್ತಿನಲ್ಲಿ ಒಂದು ಚೀಟಿಯನ್ನು ಮಗುಚಿ, ಬೆನ್ನ ಮೇಲಿನ ತಿಂಡಿಗಳ ಪಟ್ಟಿ ನೋಡಿ ಅವರು ಅಂದರು:

“ಎಂತ ಮಾರಾಯ್ರೆ, ಇದ್ರಲ್ಲಿ ‘ಹೊಸತು’ ಅಂತ ಗೋಬಿ ಮಂಚೂರಿ ಉಂಟಲ್ಲ! ಇದು ತೊಂಬತ್ತೊಂದರ ಕಾರ್ಡು. ಅದರ ಹಿಂದಿನ ವರ್ಷ ನಾನು ಅದನ್ನು ಒಳಗೆ ಬಿಟ್ಟಿರ್ಲಿಲ್ಲ.”

ಸರ್ ಕನ್ನಡಕ ತೆಗೆದು ಒರೆಸಿಕೊಂಡರು. “ತೊಂಬತ್ತೊಂದರಾಗ ನಾನು ಟೆಗಿಯಾ ಓದಲಿಕ್ಕೆ ಹತ್ತಿದ್ದೆ.”

“ಹಾಗಾದ್ರೆ ಈ ದೇವ್ರು ಅಲ್ಲಿಯದ್ದೇ. ನನ್ನ ಕಾರ್ಡಿನ ಬೆನ್ನ ಮೇಲೆ ಇಷ್ಟು ದೇವರು ಕೂತದ್ದು ಗೊತ್ತಿದ್ರೆ, ಒಳ್ಳೆ ಕಾಗದವೇ ಹಾಕಿಸ್ತಿದ್ದೆ ನೋಡಿ.”

ಹೀಗೆ ನೀರುದೋಸೆಯಿಂದ, ಪಾವ್‌ಭಾಜಿಯಿಂದ, ಒಂದೇ ವರ್ಷ ಬಾಳಿ ಸತ್ತ ಅನಾನಸ್ ಶೀರಾದಿಂದ ಅರ್ಕೇಡಿಯದ ಊರುಗಳು ಮತ್ತೆ ಎದ್ದವು. ಭೂಮಿಯ ಮೇಲೆ ಬೇರಾವ ವಿದ್ವಾಂಸನೂ ಈ ವಿಧಾನವನ್ನು ಕಂಡುಹಿಡಿದಿಲ್ಲ, ಇದರಲ್ಲಿ ಉತ್ಪ್ರೇಕ್ಷೆಯಿಲ್ಲ.

ಆದರೆ ಇದು ಓಡುವ ಕೆಲಸವಲ್ಲ, ತೆವಳುವ ಕೆಲಸ. ಎರಡು ಸಾವಿರದ ಇಸವಿಯಲ್ಲಿ, ಒಬ್ಬನೇ ವಿದ್ಯಾರ್ಥಿಯೆಂಬ ಕಾರಣಕ್ಕೆ, ಗ್ರೀಕ್ ಇತಿಹಾಸದ ಪತ್ರಿಕೆಯನ್ನು ಪಠ್ಯದಿಂದ ತೆಗೆದರು. ಮರುವರ್ಷ ಸರ್ ಕಣ್ಣಿಗೆ ಶಸ್ತ್ರಚಿಕಿತ್ಸೆಯಾಯಿತು. ಚೀಟಿಗಳನ್ನು ಅವರ ಪತ್ನಿ ರುದ್ರವ್ವನವರು ಗಟ್ಟಿಯಾಗಿ ಓದಿ ಹೇಳುವರು, ಸರ್ ಕೇಳುತ್ತ ಕೇಳುತ್ತ ಕುಳಿತಲ್ಲೇ ತೂಕಡಿಸುವರು, ಆಕೆ ಮೆಲ್ಲಗೆ ದೀಪ ಆರಿಸುವರು.

ನಿವೃತ್ತಿಗೆ ಮುನ್ನ ಹಸ್ತಪ್ರತಿ ಒಪ್ಪಿಸಿದರೆ ಸಂಸ್ಥೆಯೇ ಅಚ್ಚು ಹಾಕಿಸುತ್ತದೆ, ಆಮೇಲಾದರೆ ಇಲ್ಲ ಎಂಬುದು ನಮ್ಮ ನಿಯಮ. ಈ ಫೆಬ್ರವರಿಯಲ್ಲಿ ಹಸ್ತಪ್ರತಿ ಸಿದ್ಧವಿತ್ತು. ಊರು ಸಿಗದ ಚೀಟಿಗಳು ಅರವತ್ತಮೂರು ಉಳಿದಿದ್ದವು. ಎಲ್ಲವೂ ಉತ್ತರ ಪತ್ರಿಕೆಯ ರಟ್ಟು, ಬೆನ್ನ ಮೇಲೆ ಏನೂ ಇಲ್ಲ. “ಅರವತ್ಮೂರು ಪುರಾತನರು ಬಂದು ನಮ್ಮನ್ಯಾಗಽ ಕುಂತಾರ ನೋಡ್ರಿ,” ಎಂದು ಶಿವಭಕ್ತರ ಆ ಹಳೆಯ ಎಣಿಕೆ ನೆನೆದು ರುದ್ರವ್ವನವರು ನಕ್ಕರು. ಬಸವಲಿಂಗನಿಗೆ ನಗು ಬರಲಿಲ್ಲ.

“ಸರ್, ಊರಿಗೆ ಎರಡು ಮೂರರಂಗ ಹಂಚಿಬಿಡೂಣ್ರಿ. ಯಾರು ನೋಡ್ತಾರ್ರಿ?”

“ಇಲ್ಲೇ ಬಾಜೂಕಿನ ಖರಾಡಿ ಊರದೇವ್ರನ್ನ ಯೆರವಡಾದಾಂವ ಅಂತ ಬರದ್ರ ಖರಾಡಿ ಮಂದಿ ಸುಮ್ನಿರ್ತಾರೇನು?”

“ಹೊಡೀತಾರ್ರಿ.”

“ಈ ಅರ್ಕೇಡಿಯದ ಮಂದಿ ಹೊಡೀಲಿಕ್ಕೆ ಬರೂದಿಲ್ಲ. ಸತ್ತು ಎರಡು ಸಾವಿರ ವರ್ಷ ಆತು. ಅದಕ್ಕಽ ಇವ್ರ ವಿಷಯದಾಗ ನಾವು ಭಾಳ ಹುಷಾರಿರಬೇಕು.”

“ಹಂಗಾರ ಬಿಟ್ಟುಬಿಡ್ರಿ ಅವನ್ನ.”

“ಬಿಟ್ರ ಯಾವುದೋ ಒಂದೂರು ದೇವ್ರಿಲ್ಲದ ಊರಾಗತದ.” ಸರ್ ಚೀಟಿಗಳಿಗೆ ದಾರ ಸುತ್ತಿದರು. “ದಣಿವಾಗೇದ, ಬಸೂ. ಆದ್ರ ದಣಿವಾತಂತ ಸುಳ್ಳು ಬರೀಲಿಕ್ಕಾಗೂದಿಲ್ಲ.”

ಮಾರ್ಚ್ ಮೂವತ್ತೊಂದು ಬಂದು ಹೋಯಿತು. ಹಸ್ತಪ್ರತಿ ಒಪ್ಪಿಸಲಿಲ್ಲ. ಹಾರ, ಶಾಲು, ತೆಂಗಿನಕಾಯಿಗಳೊಡನೆ ಸರ್ ರಿಕ್ಷಾ ಹತ್ತಿದರು. ಹಿಂದಿನ ರಿಕ್ಷಾದಲ್ಲಿ ಬಸವಲಿಂಗ ಚೀಟಿಯ ಪೆಟ್ಟಿಗೆಗಳೊಡನೆ ಕುಳಿತ. ನಮ್ಮ ಸಂಸ್ಥೆಯ ಇತಿಹಾಸದಲ್ಲಿ ಅಚ್ಚಾದ ಪುಸ್ತಕಗಳು ನೂರಾರಿವೆ. ಅಚ್ಚಾಗದೆಯೇ ಸಂಸ್ಥೆಯ ಮಾನ ಉಳಿಸಿದ ಪುಸ್ತಕ ಇದೊಂದೇ.

ಈಗ ಪ್ರತಿ ಭಾನುವಾರ ಅವರ ಮನೆಯಲ್ಲಿ ಬಸವಲಿಂಗ ಒಂದೊಂದು ಚೀಟಿಯ ಮೂಲೆಯಲ್ಲೂ ಊರ ಹೆಸರು ಬರೆಯುತ್ತಾನೆ, ಚಿತ್ತಾರವಿಲ್ಲದ ಅಕ್ಷರದಲ್ಲಿ. ದಾರ ಸುತ್ತಿದವುಗಳ ಮೂಲೆ ಖಾಲಿ. ಕಳೆದ ತಿಂಗಳು, ಸರ್ ಕೇಳಿ ಬರೆದಿದ್ದಕ್ಕೆ ಗ್ರೀಸಿನ ಒಂದು ವಸ್ತುಸಂಗ್ರಹಾಲಯದಿಂದ ಉತ್ತರದ ಪತ್ರ ಬಂದು ಎರಡು ಆಡುಗಳ ಆರ್ಟೆಮಿಸಳಿಗೆ ಊರು ಸಿಕ್ಕಿತು. ಸರ್ ಪತ್ರವನ್ನು ಎರಡು ಸಲ ಓದಿಸಿದರು, ಊರನ್ನು ತಾವೇ ಬರೆದರು, “ಮುಂದಿಂದು ತಗಿ” ಎಂದರು. ಇನ್ನು ಅರವತ್ತೆರಡು.

ನೂರು ವರ್ಷ ಬಾಳಿರೆಂದು ಹಾರೈಸುವುದು ಇಂಥ ಗ್ರಂಥಗಳಲ್ಲಿ ರೂಢಿ. ಕಡ್ಡಿಯನ್ನು ಗುಡ್ಡ ಮಾಡುವ ಬಸವಲಿಂಗ ಇಲ್ಲಿ ಮಾತ್ರ ಅಳತೆ ಮೀರಲಾರ: ಅರವತ್ತೆರಡು ಚೀಟಿಗಳು ತಮ್ಮ ತಮ್ಮ ಊರು ಸೇರುವಷ್ಟು ಆಯುಷ್ಯ ಸರ್‌ಗೆ ದೊರೆಯಲಿ, ಅವು ಅವಸರದಲ್ಲಿ ಸೇರದಿರಲಿ. ಈ ಭಾನುವಾರವೂ ಅವನು ಮೂರು ಗಂಟೆಗೆ ಬರುತ್ತಾನೆ. ಸರ್ ದಣಿದಿದ್ದರೆ ಏಳಬೇಕಿಲ್ಲ. ಚೀಟಿ ಅವನೇ ಓದುತ್ತಾನೆ, ಅವರು ಕಣ್ಣು ಮುಚ್ಚಿಕೊಂಡು ಕೇಳಿದರೆ ಸಾಕು.