ಮುಡಿಯಲ್ಲ

ನನ್ನ ಮೊಮ್ಮಗಳ ಕಪಾಟಿನಲ್ಲಿ ಮಕ್ಕಳು ಮಕ್ಕಳನ್ನು ಕೊಲ್ಲುತ್ತಾರೆ. ಒಂದು ಪುಸ್ತಕದಲ್ಲಿ ಅವರನ್ನು ಬೇಲಿ ಹಾಕಿದ ಮರಳುಗಾಡಿಗೆ ಬಿಡುತ್ತಾರೆ, ಇನ್ನೊಂದರಲ್ಲಿ ಊರ ನಡುವಿನ ಅಖಾಡಕ್ಕೆ ತಳ್ಳುತ್ತಾರೆ. ಸುತ್ತ ಕೂತ ದೊಡ್ಡವರು ಏನನ್ನೋ ಕುರುಕುತ್ತ ನೋಡುತ್ತಾರೆ. ಕೊನೆಗೆ ಯಾರು ಉಸಿರಾಡುತ್ತಿರುತ್ತಾರೋ ಅವರು ಗೆದ್ದಂತೆ. ಮೈಸೂರಿನ ಹೈಸ್ಕೂಲಿನಲ್ಲಿ ಚರಿತ್ರೆ ಪಾಠ ಮಾಡಿ ನಿವೃತ್ತಳಾದ ನನಗೆ ರೋಮಿನ ಗುಲಾಮರೂ ಸಿಂಹಗಳೂ ಹೊಸಬರಲ್ಲ. ಆದರೆ ಇಂಥದ್ದನ್ನು ಒಂಬತ್ತನೇ ಕ್ಲಾಸಿನ ಹುಡುಗಿ ಊಟದ ತಟ್ಟೆಯ ಪಕ್ಕ ಇಟ್ಟುಕೊಂಡು ಓದುವುದು ಯಾಕೆ ಎಂಬುದು ನನ್ನ ತಲೆಗೆ ಹೋಗಲೇ ಇಲ್ಲ.

ಮಗಳ ಮನೆ ಇರುವುದು ಚೆನ್ನೈಯ ತ್ರಿಪ್ಲಿಕೇನಿನಲ್ಲಿ. ಅಳಿಯಂದಿರ ಕಡೆಯವರು ತಲೆಮಾರುಗಳಿಂದ ಅಲ್ಲೇ. ಮನೆಯಲ್ಲಿ ಮಾತಾಡುವುದು ಕನ್ನಡ ಎಂದು ಅವರು ಹೇಳುತ್ತಾರೆ, ನಾನು ಒಪ್ಪಿಕೊಳ್ಳುತ್ತೇನೆ. ಇದು ನಾನು ಅಲ್ಲಿಗೆ ಹೋದ ಮೊದಲ ವರ್ಷದ ಮಾತು. ಅಳಿಯಂದಿರು ಪ್ರಾಯದಲ್ಲಿ ಜೂಡೋ ಆಡಿ ಹೆಸರು ಮಾಡಿದವರು. ಎಗ್ಮೋರಿನ ಕಚೇರಿಯ ಕೆಲಸ ಸಿಕ್ಕಿದ್ದೂ ಆ ಆಟದಿಂದಲೇ. ತಮ್ಮ ಮಗಳನ್ನು ರಾಜ್ಯ ತಂಡಕ್ಕೆ ಸೇರಿಸಬೇಕೆಂಬುದು ಅವರ ಹಟ. ಕೆಟ್ಟ ಮನುಷ್ಯರಲ್ಲ. ಆಟ ತಮಗೆ ಅನ್ನ ಹಾಕಿದೆ, ಮಗಳಿಗೂ ಹಾಕಲಿ ಎಂಬ ಆಸೆ, ಅಷ್ಟೇ. ಬೆಳಿಗ್ಗೆ ಮರೀನಾ ಮರಳಿನಲ್ಲಿ ಓಟ, ಸಂಜೆ ತರಬೇತಿ. ಹುಡುಗಿ ಮನೆಗೆ ಬಂದರೆ ಮಾತಿಲ್ಲ ಕತೆಯಿಲ್ಲ, ಪುಸ್ತಕ ಹಿಡಿದು ಕೂತರೆ ಕೂತಳು. ಊಟವೂ ಅರ್ಧಂಬರ್ಧ. ನನ್ನ ಮಗಳು ಬ್ಯಾಂಕಿನಿಂದ ಬರುವಷ್ಟರಲ್ಲಿ ಹಣ್ಣಾಗಿರುತ್ತಾಳೆ. ಆ ಮಗುವಿನ ಮನಸ್ಸಿನಲ್ಲಿ ಏನಿದೆ ಎಂದು ತಿಳಿಯುವ ಕೆಲಸ ನನ್ನ ಪಾಲಿಗೆ ಬಂತು.

ಅವಳು ಮಾತಾಡುವುದಿಲ್ಲವೆಂದ ಮೇಲೆ ಅವಳ ಪುಸ್ತಕಗಳಾದರೂ ಏನಾದರೂ ಹೇಳಲಿ ಎಂದು ನಾನೂ ಓದಲು ಕೂತೆ. ಕೈಗೆ ಸಿಕ್ಕಿದ್ದು ಎರಡನೆಯ ಭಾಗ ಎಂದು ಗೊತ್ತಾಗಲಿಲ್ಲ. ಅದರಲ್ಲಿ ಎಲ್ಲರೂ ನೆನೆದು ಅಳುವ ಹುಡುಗಿಗೆ ನಾನೂ ಒಂದಿಷ್ಟು ಕಣ್ಣೀರು ಹಾಕಿ, ಮತ್ತೊಂದು ಪುಸ್ತಕ ತೆರೆದರೆ ಅವಳು ಗಟ್ಟಿಮುಟ್ಟಾಗಿ ಮರ ಹತ್ತುತ್ತಿದ್ದಾಳೆ. ಇದೇನು ಪುನರ್ಜನ್ಮವೋ ಎಂದು ಕೇಳಿದ್ದಕ್ಕೆ ಮೊಮ್ಮಗಳು ತಮಿಳಿನಲ್ಲಿ ಏನೋ ಹೇಳಿ, ಬಹಳ ದಿನಗಳ ಮೇಲೆ ನಕ್ಕಳು. ಯಾರು ಯಾರ ಕಡೆ, ನಿನ್ನೆ ಚಾಕು ಎತ್ತಿದವನ ಜೊತೆ ಇವತ್ತು ರೊಟ್ಟಿ ಹಂಚಿಕೊಳ್ಳುವುದು ಹೇಗೆ, ಇವರು ಸ್ನಾನ ಮಾಡುವುದು ಯಾವಾಗ, ಒಂದೂ ತಿಳಿಯದು. ನನಗೆ ಗಟ್ಟಿಯಾಗಿ ಅರ್ಥವಾದದ್ದು ಒಂದೇ. ಎಲ್ಲ ಪುಸ್ತಕದಲ್ಲೂ ನಾಯಕಿ ನಡುವೆ ಒಮ್ಮೆ ಕುಸಿದು ಕೂತು, ಇನ್ನು ನನ್ನಿಂದ ಆಗದು ಎನ್ನುತ್ತಾಳೆ. ನಾಲ್ಕು ಪುಟ ತಿರುಗಿಸುವಷ್ಟರಲ್ಲಿ ಎದ್ದು ಗೆಲ್ಲುತ್ತಾಳೆ.

ನಾನು ಬೆಳೆದ ಬೀದಿಯಲ್ಲಿ ಗರಡಿಮನೆ ಇತ್ತು. ಅಲ್ಲಿ ಸೋತ ಪೈಲ್ವಾನ ಮೈಗೆ ಹತ್ತಿದ ಕೆಂಪುಮಣ್ಣು ಕೊಡವಿಕೊಂಡು, ಗೆದ್ದವನ ಹೆಗಲ ಮೇಲೆ ಕೈ ಹಾಕಿ ಕಾಫಿಗೆ ಹೋಗುತ್ತಿದ್ದ. ಜಟ್ಟಿ ಕೆಳಗೆ ಬಿದ್ದರೂ ಮೀಸೆ ಮಣ್ಣಾಗಲಿಲ್ಲ ಎಂದು ಬೀದಿಯವರು ಚುಡಾಯಿಸಿದರೆ ಅವನೂ ನಗುತ್ತಿದ್ದ. ಸೋತವರು ಸಾಯಲೇಬೇಕು ಎಂಬ ಕಥೆಯಲ್ಲಿ ಒಂದು ಮಗುವಿಗೆ ಅಂಥ ನೆಮ್ಮದಿ ಏನು ಸಿಗುತ್ತದೆ ಎಂದು ನಾನು ಯೋಚಿಸಿದ್ದೇ ಯೋಚಿಸಿದ್ದು.

ಸಂಜೆ ದೇವಸ್ಥಾನದ ಬೀದಿಯಿಂದ ಒಂದು ಮೊಳ ಮಲ್ಲಿಗೆ ತರುವುದು ನನ್ನ ಅಭ್ಯಾಸ. ಚೆನ್ನೈಯಲ್ಲಿ ನನಗೆ ತಕರಾರಿಲ್ಲದೆ ಹಿಡಿಸಿದ್ದು ಅದೊಂದೇ. ಒಂದು ಸಂಜೆ ಹುಡುಗಿ ತರಬೇತಿ ಮುಗಿಸಿ ಬಂದವಳು ಬಾಗಿಲ ಬಳಿಯೇ ಗೋಡೆಗೊರಗಿ ಕೂತಳು. ನಾನು ಹೂವು ಹಿಡಿದು ಹತ್ತಿರ ಹೋದೆ.

“ಅಜ್ಜಿ, ನಂಗೆ ಮುಡಿಯಲ್ಲ,” ಅಂದಳು ತಲೆ ಎತ್ತದೆ.

ಇಷ್ಟೇ ತಾನೆ ಅನ್ನಿಸಿತು ನನಗೆ. ಕುಸ್ತಿ ಆಡುವ ಹುಡುಗಿ, ನೆಲದ ಮೇಲೆ ಹೊರಳಾಡುವಾಗ ಜಡೆಯ ಹೂವಿನ ಗತಿಯೇನು. ಮೇಡಮ್ಮಿನ ಬುದ್ಧಿ ಎಲ್ಲಿ ಬಿಡುತ್ತದೆ, ‘ನಂಗೆ ಮುಡಿಯಲ್ಲ’ ಅನ್ನಬಾರದು, ‘ನಾನು ಮುಡಿಯಲ್ಲ’ ಅನ್ನಬೇಕು ಎಂದು ಮೊದಲು ಅವಳ ವ್ಯಾಕರಣ ತಿದ್ದಿದೆ. ಆಮೇಲೆ, ಆಯ್ತು ಬಿಡು ಪುಟ್ಟಿ, ಬಲವಂತ ಯಾರು ಮಾಡ್ತಾರೆ, ನಿಮ್ಮಪ್ಪಂಗೂ ಹೇಳ್ತೀನಿ ಅಂದೆ. ಹುಡುಗಿ ಎದ್ದು ನನ್ನನ್ನು ಬಿಗಿಯಾಗಿ ತಬ್ಬಿಕೊಂಡುಬಿಟ್ಟಳು. ಒಂದು ಮೊಳ ಮಲ್ಲಿಗೆ ತಪ್ಪಿದ್ದಕ್ಕೆ ಇಷ್ಟೊಂದು ಸಂತೋಷವೇ ಎಂದು ನನಗೆ ಸೋಜಿಗ. ಸ್ವಲ್ಪ ಬೇಜಾರೂ ಆಯಿತು.

ಕೊಟ್ಟ ಮಾತಿನಂತೆ ಊಟಕ್ಕೆ ಬಡಿಸುವಾಗ ಅಳಿಯಂದಿರಿಗೆ ಹೇಳಿದೆ, ಇನ್ನು ಮೇಲೆ ಅವಳಿಗೆ ಹೂವು ಬೇಡವಂತೆ ಎಂದು. ಅವರು ಸಾರನ್ನ ಕಲಸುತ್ತ, ಪರವಾಗಿಲ್ಲ ಅತ್ತೆ, ಪಂದ್ಯ ಹತ್ತಿರ ಬಂತು, ಅದೇ ಒಳ್ಳೆಯದು ಅಂದರು. ಒಳಗೆ ಕೋಣೆಯಲ್ಲಿದ್ದ ಹುಡುಗಿಗೆ ನಾವಿಬ್ಬರೂ ಅವಳ ವಿಷಯ ಮಾತಾಡಿದ್ದು ಗೊತ್ತು. ಏನು ಮಾತಾಡಿದೆವು ಎಂಬುದು ಕೇಳಿಸಿರಲಿಲ್ಲ.

ಮಾರನೆಯ ಬೆಳಿಗ್ಗೆ ಅಪ್ಪ ಎಂದಿನಂತೆ ಓಟಕ್ಕೆ ಎಬ್ಬಿಸಿದಾಗ ಅವಳು ನನ್ನನ್ನು ನೋಡಿದ ರೀತಿ ಇದೆಯಲ್ಲ, ಅದಕ್ಕೆ ಅರ್ಥ ಹುಡುಕಿ ಹುಡುಕಿ ಸೋತೆ. ನಾನೇನು ಮಾಡಿದೆ? ಕೇಳಿದ್ದನ್ನು ಒಪ್ಪಿಕೊಂಡಿದ್ದೆ, ಅಪ್ಪನಿಗೂ ಹೇಳಿದ್ದೆ. ಆಮೇಲೂ ಒಂದೆರಡು ಸಲ ಅವಳು ಅದೇ ಮಾತು ಹೇಳಿದಳು, ಹೇಳಾಯ್ತಲ್ಲೇ ನಿಮ್ಮಪ್ಪಂಗೆ ಎಂದು ನಾನೂ ಅದೇ ಉತ್ತರ ಕೊಟ್ಟೆ. ಅಷ್ಟರ ಮೇಲೆ ಅವಳು ಹೇಳುವುದನ್ನು ಬಿಟ್ಟಳು, ನನ್ನ ಹತ್ತಿರ ಬಂದು ಕೂರುವುದನ್ನೂ ಬಿಟ್ಟಳು. ಚಿಕ್ಕವರ ಮನಸ್ಸು ಯಾವ ಗಾಳಿಗೆ ಯಾವ ಕಡೆ ತಿರುಗುತ್ತದೋ ಎಂದುಕೊಂಡು ನಾನು ಇನ್ನೊಂದು ಅಖಾಡದ ಪುಸ್ತಕ ತೆರೆದೆ.

ರಾಜ್ಯ ತಂಡದ ಆಯ್ಕೆ ಪಂದ್ಯದ ದಿನ ಅಳಿಯಂದಿರಿಗೂ ಮಗಳಿಗೂ ರಜೆ ಸಿಗಲಿಲ್ಲ. ಹುಡುಗಿಯನ್ನು ಆಟೋದಲ್ಲಿ ಕರೆದುಕೊಂಡು ಹೋಗುವ ಜವಾಬ್ದಾರಿ ನನ್ನದಾಯಿತು. ಆಟೋದವನು ದೊಡ್ಡ ರಸ್ತೆಯಲ್ಲೇ ನಿಲ್ಲಿಸಿದ. ಒಳಗಿನ ಗೇಟಿನವರೆಗೆ ಬಿಡಪ್ಪ ಎಂದು ಕೈಸನ್ನೆ ಮಾಡಿದರೆ, “ಮುಡಿಯಾದುಮ್ಮಾ,” ಅಂದ. ಅವನ ತಲೆ ನುಣ್ಣಗೆ ಬೋಳು. ನನಗೆ ನಗು ತಡೆಯಲಾಗಲಿಲ್ಲ. ಇಳಿದ ಮೇಲೆ ಮೊಮ್ಮಗಳ ಕಿವಿಯಲ್ಲಿ, “ನೋಡೇ, ತಲೇಲಿ ಒಂದು ಕೂದಲಿಲ್ಲ, ಇವನೂ ಮುಡಿಯಲ್ವಂತೆ,” ಅಂದೆ.

ಅವಳೂ ನಗುತ್ತಾಳೆ ಅಂದುಕೊಂಡಿದ್ದೆ. ಚೀಲ ಹೆಗಲಿಗೇರಿಸುತ್ತಿದ್ದವಳು ಹಾಗೇ ನಿಂತಳು.

“ಅಜ್ಜಿ, ಮುಡಿಯಾದು ಅಂದ್ರೆ ಆಗಲ್ಲ ಅಂತ. ಕೈಲಾಗಲ್ಲ ಅಂತ.”

ಹೇಳಿ ಮುಗಿಸುವಷ್ಟರಲ್ಲಿ ಅವಳಿಗೂ ಹೊಳೆಯಿತು, ನನಗೂ ಹೊಳೆಯಿತು. ಬಾಗಿಲ ಬಳಿ ಕುಸಿದು ಕೂತಿದ್ದ ಆ ಸಂಜೆ ಅವಳು ಹೂವಿನ ಮಾತೇ ಎತ್ತಿರಲಿಲ್ಲ. ನಾನು ‘ನಂಗೆ’ಯನ್ನು ತಿದ್ದಿ ‘ಮುಡಿಯಲ್ಲ’ವನ್ನು ಹಾಗೇ ಬಿಟ್ಟಿದ್ದೆ. ಇಬ್ಬರೂ ಒಳಗೆ ನಡೆದೆವು.

ಒಳಗೆ ಗದ್ದಲ. ಚಾಪೆಗಳ ಮೇಲೆ ದಬದಬ ಬೀಳುವ ಸದ್ದು, ಬೆಂಚುಗಳ ಮೇಲೆ ಡಬ್ಬಿ ಬಿಚ್ಚಿ ತಿನ್ನುತ್ತ ಕೂಗುವ ಅಪ್ಪ ಅಮ್ಮಂದಿರು. ನನ್ನ ತಲೆಯೊಳಗೆ ಅದಕ್ಕಿಂತ ಹೆಚ್ಚು ಗದ್ದಲ. ಆಗಲ್ಲ ಅಂದರೆ ಆ ಸಂಜೆಗೆ ಆಗಲ್ಲವೋ, ಎಂದೆಂದಿಗೂ ಆಗಲ್ಲವೋ? ಅವಳ ಪುಸ್ತಕಗಳಲ್ಲಿ ಆಗಲ್ಲ ಅಂದವಳೇ ತಾನೆ ಗೆಲ್ಲುವುದು? ಒಂದು ಮಾತಿನಿಂದ ತಡೆದು ಜನ್ಮಪೂರ್ತಿ ಅವಳಿಂದ ಬೈಸಿಕೊಂಡರೆ? ಕೊನೆಗೆ ಅವಳನ್ನೇ ಕೇಳಿದೆ, ನಿನ್ನ ಕಥೆಯ ಹುಡುಗಿಯರೂ ಹೀಗೇ ಅಂದು ಆಮೇಲೆ ಏಳುತ್ತಾರಲ್ಲ ಎಂದು.

“ಅದು ಪುಸ್ತಕ ಅಜ್ಜಿ,” ಅಂದಳು ಬಿಳಿ ಅಂಗಿಯ ಮೇಲೆ ಸೊಂಟಪಟ್ಟಿ ಸುತ್ತುತ್ತ. “ಅದ್ರಲ್ಲಿ ಒಂದ್ಸಲ ಮುಗಿದ್ರೆ ಮುಗೀತು. ನಂದು ಮುಗಿಯೋದೇ ಇಲ್ಲ.”

ಅಷ್ಟರಲ್ಲಿ ಕೊರಳಿಗೆ ಸೀಟಿ ಹಾಕಿಕೊಂಡ ಹೆಂಗಸು ಬಂದು ಇವಳ ಹೆಸರು ಕರೆದು ರೆಡಿಯಾ ಎಂದು ಕೇಳಿದಳು. ಹುಡುಗಿಯ ಕೈ ಗಂಟಿನ ಮೇಲೆ ನಿಂತಿತು.

“ಮುಡಿಯಾದು,” ಅಂದೆ ನಾನು.

ಆ ಹೆಂಗಸು ತಮಿಳಿನಲ್ಲಿ ಉದ್ದಕ್ಕೆ ಏನೇನೋ ಕೇಳಿದಳು. ಪೆಟ್ಟಾಗಿದೆಯೇ ಎಂದೋ, ಜ್ವರವೇ ಎಂದೋ ಇರಬೇಕು. ನನ್ನ ಬಳಿ ಇದ್ದದ್ದು ಒಂದೇ ಮಾತು, ಅದನ್ನೇ ಮತ್ತೆ ಹೇಳಿದೆ. ಅವಳು ಹುಡುಗಿಯ ಮುಖ ನೋಡಿ, ಏನು ಕಂಡಳೋ, ತಲೆಯಾಡಿಸಿ ಹೋದಳು. ಎದುರಾಳಿ ಹುಡುಗಿ ಖಾಲಿ ಅಖಾಡಕ್ಕೆ ಬಗ್ಗಿ ನಮಸ್ಕಾರ ಮಾಡಿ ಗೆದ್ದುಹೋದಳು. ನನ್ನ ಮೊಮ್ಮಗಳು ಮಂಡಿಗೆ ಮುಖವಿಟ್ಟು ಅತ್ತಳು. ಬಿಡುಗಡೆಯ ಅಳುವೋ ನನ್ನ ಮೇಲಿನ ಕೋಪವೋ ಕೇಳುವ ಧೈರ್ಯ ಬರಲಿಲ್ಲ. ವಾಪಸು ಬರುವಾಗ ಆಟೋದ ಆ ತುದಿಗೆ ಅಂಟಿಕೊಂಡು ಕೂತಿದ್ದಳು.

ಅಳಿಯಂದಿರು ಬಂದಾಗ ಅವರಿಗೆ ಸುದ್ದಿ ಆಗಲೇ ಮುಟ್ಟಿತ್ತು. ಶೂ ಬಿಚ್ಚದೆ ಹೊಸಲಲ್ಲೇ ನಿಂತು, ಆಡುವುದಿಲ್ಲ ಎಂದು ಹೇಳಿದ್ದು ಯಾರು ಎಂದು ಕೇಳಿದರು. ನಾನು ಬಾಯಿ ತೆರೆಯುವ ಮೊದಲೇ ಹುಡುಗಿ, ಅಪ್ಪನ ಜೊತೆ ಸದಾ ತಮಿಳು ಆಡುವವಳು, ಅಚ್ಚ ಕನ್ನಡದಲ್ಲಿ ಹೇಳಿದಳು:

“ಅಜ್ಜಿಗೆ ತಮಿಳು ಅರ್ಥ ಆಗಲ್ಲಪ್ಪ. ಅವ್ರು ಏನೋ ಕೇಳಿದ್ರು, ಇವ್ರು ಏನೋ ಹೇಳ್ಬಿಟ್ರು.”

ನನ್ನ ಮೇಲೆ ಹೊರಿಸುತ್ತಿದ್ದಾಳೋ, ನನ್ನ ಬೆನ್ನ ಹಿಂದೆ ಅಡಗುತ್ತಿದ್ದಾಳೋ ತಿಳಿಯಲಿಲ್ಲ. ಹೌದು, ಮುದುಕಿಯ ಎಡವಟ್ಟು ಎಂದು ಒಪ್ಪಿಕೊಂಡರೆ ಅಲ್ಲಿಗೆ ಮುಗಿಯುತ್ತಿತ್ತು. ಬೆಳಗಾದರೆ ಅವಳು ಮತ್ತೆ ಮರಳಿನ ಮೇಲೆ ಓಡಬೇಕಿತ್ತು. ಒಪ್ಪಿಕೊಳ್ಳದಿದ್ದರೆ ಅವಳು ನನ್ನನ್ನು ಕ್ಷಮಿಸುತ್ತಾಳೋ ಇಲ್ಲವೋ.

“ನಂಗೆ ತಮಿಳು ಬರಲ್ಲ, ನಿಜ,” ಅಂದೆ. “ಅದಕ್ಕೇ ಕನ್ನಡದಲ್ಲಿ ಹೇಳ್ತೀನಿ, ಕೇಳಿ. ಅವಳ ಕೈಲಿ ಆಗ್ತಿಲ್ಲ.”

ಅಳಿಯಂದಿರು ನನ್ನನ್ನು ನೋಡಲಿಲ್ಲ, ಮಗಳನ್ನು ನೋಡಿದರು. ಅವಳು ಗೋಡೆ ನೋಡುತ್ತಿದ್ದಳು. ನಾನು ಹೇಳಿದ್ದು ಸುಳ್ಳು ಅನ್ನಲಿಲ್ಲ. ಅಷ್ಟು ಹೊತ್ತು ನಿಂತೇ ಇದ್ದ ಅಳಿಯಂದಿರು ಮೆಲ್ಲಗೆ ಹೊಸಲ ಮೇಲೆ ಕೂತರು.

“ಯಾವತ್ತಿಂದ ಪುಟ್ಟಿ?” ಅಂದರು.