ಗೆರೆ ದಾಟಿದ ಕಪ್ಪೆ

ನನ್ನ ಭಾವನಿಗೆ ಕೈಯಲ್ಲಿ ಕಲೆಯಿತ್ತು, ಬಾಯಲ್ಲಿ ಮಾತಿರಲಿಲ್ಲ. ಪಂಗನಾಮ ಹಾಕಿಸಿಕೊಳ್ಳಲು ಮನುಷ್ಯನಿಗೆ ಅಷ್ಟು ಸಾಕು.

ಅಕ್ಕನನ್ನು ಮದುವೆಯಾದಾಗ ಅವರು ಅಂಗಡಿಗಳಿಗೆ ಬೋರ್ಡು ಬರೆಯುತ್ತಿದ್ದರು. ಅಕ್ಕ ಬಸುರಿಯಾಗಿದ್ದಾಗ, ಟೀವಿ ಧಾರಾವಾಹಿಗಳನ್ನೇ ಚಿತ್ರಕಥೆ ಮಾಡಿ ಅಚ್ಚುಹಾಕುವ ಮಕ್ಕಳ ವಾರಪತ್ರಿಕೆಯೊಂದು ಹೊಸದಾಗಿ ಶುರುವಾಯಿತು. ಭಾವನಿಗೆ ಅಲ್ಲಿ ಕೆಲಸ ಸಿಕ್ಕಿತು. ಏಣಿಯಿಂದಿಳಿದು ಕುರ್ಚಿಯಲ್ಲಿ ಕೂತು ಮಾಡುವ ಕೆಲಸ. ಅಕ್ಕನ ಕಾಲು ನೆಲದ ಮೇಲೆ ನಿಲ್ಲಲಿಲ್ಲ.

ಅದು ಎಂಥ ಕೆಲಸವೆಂದು ಊಟದ ಡಬ್ಬಿ ಕೊಡಲು ಹೋದಾಗ ನಾನೇ ನೋಡಿದ್ದೇನೆ. ಪ್ರೆಸ್ಸಿನ ಮೇಲಿನ ಕೋಣೆ. ಕೆಳಗೆ ಯಂತ್ರ ಓಡಿದರೆ ಮೇಲೆ ಮೇಜಿನ ಮೇಲಿನ ಇಂಕಿನ ಬಾಟಲಿ ನಡುಗುತ್ತಿತ್ತು. ಟೀವಿ ಕಂಪನಿಯವರು ತಮ್ಮ ಧಾರಾವಾಹಿಯ ವೀರನ ಫೋಟೋ ಕಳಿಸುತ್ತಿದ್ದರು. ಗಾಜಿನ ಕೆಳಗೆ ಬಲ್ಬು ಹೊತ್ತಿಸಿ, ಗಾಜಿನ ಮೇಲೆ ಫೋಟೋ, ಅದರ ಮೇಲೆ ತೆಳು ಹಾಳೆ ಇಟ್ಟು ಮುಖವನ್ನು ಗೆರೆಗೆ ಗೆರೆ ಇಳಿಸಬೇಕು. ವಾರಕ್ಕೊಮ್ಮೆ ಕಂಪನಿಯ ಅಧಿಕಾರಿಯೊಬ್ಬ ಬಂದು ಪುಟದ ಚಿತ್ರಗಳನ್ನು ಚೌಕ ಚೌಕ ನೋಡಿ ಸೀಲು ಒತ್ತುತ್ತಿದ್ದ. ವೀರನ ಮೂಗು ಒಂದಿಷ್ಟು ಆಚೀಚೆಯಾದರೂ ಪುಟ ವಾಪಸ್. ಚೌಕದ ಗೆರೆಯೊಳಗಿನದೆಲ್ಲ ಕಂಪನಿಯದು, ಗೆರೆಯಾಚೆಯ ಬಿಳಿ ಜಾಗದಲ್ಲಿ ಏನಾದರೂ ಬರೆದರೆ ಅದು ಬರೆದವನದು. ಹಾಗಂತ ಒಪ್ಪಂದವಾಗಿತ್ತು.

ಆ ಬಿಳಿ ಜಾಗದಲ್ಲಿ ಭಾವ ಒಂದು ಕಪ್ಪೆಯನ್ನು ಕೂರಿಸಿದರು. ಹೆಸರು ಗೊಣಗಪ್ಪ. ಮುಖದಷ್ಟೇ ಅಗಲದ ಬಾಯಿ, ಅದೂ ಕೆಳಕ್ಕೆ ಜೋತುಬಿದ್ದದ್ದು. ಮೇಲೆ ವೀರ ಆಕಾಶನೌಕೆಯಿಂದ ಜಿಗಿದು ಊರು ಉಳಿಸುತ್ತಿದ್ದರೆ, ಕೆಳಗೆ ಗೊಣಗಪ್ಪ ‘ಬಾಗಿಲು ಹಾಕ್ಕೊಂಡು ಹೋಗೋಕೆ ಏನು ರೋಗ’ ಎಂದು ಗೊಣಗುತ್ತಿದ್ದ. ಮನೆಯಲ್ಲಿ ತುಟಿ ಪಿಟಕ್ಕೆನ್ನದ ಮನುಷ್ಯ ತಮ್ಮ ಮಾತನ್ನೆಲ್ಲ ಆ ಕಪ್ಪೆಗೆ ಕೊಟ್ಟುಬಿಟ್ಟಿದ್ದರು. ಟೀವಿಯಲ್ಲಿ ಬಿಟ್ಟಿ ನೋಡಿದ ಕಥೆಯನ್ನು ಮಕ್ಕಳು ಮತ್ತೆ ಕೊಂಡು ಓದುತ್ತವೆಯೇ? ಅವು ಪತ್ರಿಕೆ ಕೊಂಡದ್ದು ಕಪ್ಪೆಗಾಗಿ. ಪತ್ರಿಕೆಗೆ ಬರುತ್ತಿದ್ದ ಕಾಗದಗಳಲ್ಲೆಲ್ಲ ಅವನದೇ ಸುದ್ದಿ.

ಅಷ್ಟರಲ್ಲಿ ಮಗಳು ಹುಟ್ಟಿದಳು. ಇವಳು ದೊಡ್ಡವಳಾಗಿ ‘ಗೊಣಗಪ್ಪ ನಮ್ಮಪ್ಪನ ಕಪ್ಪೆ’ ಎಂದು ನಾಲ್ಕು ಜನರ ಮುಂದೆ ಹೇಳಿದರೆ ಸಾಕು, ನನಗೆ ಇನ್ನೇನೂ ಬೇಡ ಎಂದು ತೊಟ್ಟಿಲ ಪಕ್ಕ ಕೂತು ಭಾವ ಅಕ್ಕನಿಗೆ ಹೇಳಿದರಂತೆ. ಅಷ್ಟು ಉದ್ದದ ಮಾತನ್ನು ಅವರು ಆಡಿದ್ದೇ ಅಪರೂಪ. ಅಕ್ಕ ನನ್ನ ಮುಂದೆ ಅದನ್ನು ಹೇಳಿ ಹೇಳಿ ನಕ್ಕಳು.

ಅದೇ ದಿನಗಳಲ್ಲಿ ಯಾವುದೋ ಹುಡುಗಿ ಪತ್ರಿಕೆಗೆ ಬರೆದಿದ್ದಳು: ಗೊಣಗಪ್ಪನನ್ನು ಯಾಕೆ ಯಾವಾಗಲೂ ಹೊರಗೇ ಕೂರಿಸುತ್ತೀರಿ, ಪಾಪ ಅಲ್ಲವೇ ಎಂದು. ಹೊಸದಾಗಿ ಅಪ್ಪನಾದವರ ಕರುಳು ಚುರ್ ಎಂದಿತು. ಆ ವಾರ ಕಪ್ಪೆ ಗೆರೆ ದಾಟಿ ವೀರನ ಪಕ್ಕ ನೌಕೆಯಲ್ಲಿ ಕೂತಿತು. ಸಂಪಾದಕರು ಬೆನ್ನು ತಟ್ಟಿದರು. ಎಂದೂ ನಗದ ಅಧಿಕಾರಿ ನಗುತ್ತಲೇ ಸೀಲು ಒತ್ತಿದ. ಸ್ಕೇಲು ಹಿಡಿದು ಪ್ರತಿ ವಾರ ಆ ಗೆರೆ ಎಳೆಯುತ್ತಿದ್ದವರೇ ಭಾವ. ಖುಷಿಯ ಭರದಲ್ಲಿ ಅದು ಗೆರೆ ಎಂಬುದನ್ನೇ ಮರೆತರು.

ವರ್ಷ ತುಂಬುವ ಮೊದಲೇ ಕಂಪನಿ ಆ ಧಾರಾವಾಹಿ ನಿಲ್ಲಿಸಿತು, ಪತ್ರಿಕೆಯೂ ಕಣ್ಣು ಮುಚ್ಚಿತು. ಭಾವ ಮತ್ತೆ ಏಣಿ ಹತ್ತಿದರು.

ಆಮೇಲೆ ಒಂದು ಸಂಜೆ ಗೊಣಗಪ್ಪ ಟೀವಿಯಲ್ಲಿ ಬಂದ, ಬಟ್ಟೆಯ ಗೊಂಬೆಯಾಗಿ. ಗೊಣಗುವುದು ಮಕ್ಕಳಿಗೆ ಒಳ್ಳೆಯದಲ್ಲ ಎಂದು ಯಾರೋ ಮಹಾ ಬುದ್ಧಿವಂತರು ತೀರ್ಮಾನಿಸಿದ್ದರು. ಹೆಸರು ಮಾತ್ರ ಅದೇ. ಅವನು ಮುಖದ ತುಂಬ ಹಲ್ಲು ಕಿರಿದು, ಮಕ್ಕಳೇ ಕೈ ತೊಳೆಯಿರಿ, ದೊಡ್ಡವರ ಮಾತು ಕೇಳಿ ಎನ್ನುತ್ತಿದ್ದ. ನನಗೆ ಮೈಯೆಲ್ಲ ಉರಿದುಹೋಯಿತು. ಭಾವ ಕಂಪನಿಗೆ ಹೋದರೆ ಅದೇ ಅಧಿಕಾರಿ ಅದೇ ಪುಟ ತೆಗೆದು ತೋರಿಸಿದನಂತೆ. ಕಪ್ಪೆ ಗೆರೆಯೊಳಗೆ, ಅದರ ಹೊಟ್ಟೆಯ ಮೇಲೆ ಸೀಲು. ವಕೀಲರ ಹತ್ತಿರ ಹೋಗೋಣ, ಬನ್ನಿ ಎಂದು ನಾನು ಕುಣಿದಾಡಿದೆ.

“ನಾನೇ ಒಳಗೆ ಬಿಟ್ಟಿದ್ದು ಕಣಮ್ಮಾ,” ಎಂದರು.

ಕಂಪನಿಯ ಮೇಲಿದ್ದ ಸಿಟ್ಟಿನಲ್ಲಿ ಅರ್ಧ ಅವರ ಮೇಲೂ ತಿರುಗಿತು. ಜಗಳವಾಡಲು ಬಾರದ ಮನುಷ್ಯರನ್ನು ಕಂಡರೆ ನನಗೆ ಈಗಲೂ ಆಗುವುದಿಲ್ಲ.

ಮಗಳು ಶಾಲೆಗೆ ಸೇರಿದ ವರ್ಷ ಜ್ವರ ಬಂದು ಮಲಗಿದ್ದಳು. ನಾನು ನೋಡಲು ಹೋಗಿದ್ದೆ. ಗೊಣಗಪ್ಪನ ಚಿತ್ರ ಬರೆದುಕೊಡು ಎಂದು ಅಪ್ಪನನ್ನು ಪೀಡಿಸಿದಳು. ಭಾವ ಮಂಚದ ಅಂಚಿನಲ್ಲಿ ಕೂತು ಬರೆದರು. ಎಷ್ಟೋ ವರ್ಷವಾಗಿದ್ದರೂ ಕೈ ಎಲ್ಲೂ ತಡವರಿಸಲಿಲ್ಲ. ಜೋತುಬಿದ್ದ ಬಾಯಿಯೊಂದಿಗೆ ಆ ಹಳೆಯ ಕಪ್ಪೆ ಹಾಳೆಯ ಮೇಲೆ ಬಂದು ಕೂತಿತು. ಇದು ತಮ್ಮದೇ ಕಪ್ಪೆ ಎಂದು ಇವತ್ತಾದರೂ ಮಗಳಿಗೆ ಹೇಳುತ್ತಾರೆ ಎಂದುಕೊಂಡೆವು ನಾನೂ ಅಕ್ಕನೂ.

ಮಗಳು ಹಾಳೆ ನೋಡಿ ಮುಖ ಸಿಂಡರಿಸಿದಳು. “ಗೊಣಗಪ್ಪ ಹೀಗಿರಲ್ಲ ಅಪ್ಪಾ. ಅವನು ಯಾವಾಗ್ಲೂ ನಗ್ತಾ ಇರ್ತಾನೆ. ನೀನು ಸರಿಯಾಗಿ ನೋಡೇ ಇಲ್ಲ.”

“ಹೇಳ್ರೀ ಅವಳಿಗೆ,” ಎಂದಳು ಅಕ್ಕ.

ಭಾವ ಮಗಳ ಮುಖವನ್ನೇ ನೋಡಿದರು. ಹೇಳಿದ್ದರೆ ಅವಳು ನಂಬುತ್ತಿದ್ದಳೋ ಇಲ್ಲವೋ. ನಂಬಿ, ಶಾಲೆಯಲ್ಲಿ ಹೇಳಿ, ಎಲ್ಲರಿಂದ ಸುಳ್ಳಿ ಎನಿಸಿಕೊಂಡು ಅಳುತ್ತ ಬರುತ್ತಿದ್ದಳೋ ಏನೋ. ಅವರು ರಬ್ಬರು ತೆಗೆದುಕೊಂಡು ಕಪ್ಪೆಯ ಬಾಯನ್ನು ಉಜ್ಜಿ ಅಳಿಸಿ, ಅಲ್ಲಿ ನಗು ಬರೆದರು.

“ಈಗ ಸರಿಯಾಯ್ತಾ?”

“ಹೂಂ,” ಎಂದಳು ಮಗಳು. “ಈಗ ನಿಜವಾದ ಗೊಣಗಪ್ಪ.”